ಎರಡು ತಾಸು, ಒಂದು ಮೈಕು, ಗಂಗಾವತಿ ಪ್ರಾಣೇಶ್

ಭೀಮೆಯ ದಂಡೆಯ ಘತ್ತರಗಿಗೆ ಭಾಗ್ಯವಂತಿಯ ದರ್ಶನಕ್ಕೆ ಬಂದವರ ಮಾತಿಗೆ ಕಿವಿಗೊಡಬೇಕು. ಅಫಜಲಪುರ, ಜೇವರ್ಗಿ, ಆಳಂದದವರು, ಹೊಳೆಯಾಚೆಯ ವಿಜಯಪುರ ಜಿಲ್ಲೆಯವರು, ಸೊಲ್ಲಾಪುರದ ಕಡೆಯವರು ಎಲ್ಲ ಅಲ್ಲಿ ಸೇರುತ್ತಾರೆ. ‘ಏನ್ ಮಾಡ್ಲಕತ್ತೀರಿ?’ ಎಂಬ ಒಂದು ವಿಚಾರಣೆಯಲ್ಲೇ ಅಕ್ಕರೆ, ತಕರಾರು, ಕೀಟಲೆ ಮೂರೂ ಇರುತ್ತವೆ. ಬೆಂಗಳೂರಿನ ಸಿನಿಮಾಗಳು ಬಹುಕಾಲ ಈ ಸೀಮೆಯ ಮಾತನ್ನು ನಗಿಸುವ ಸಣ್ಣ ಪಾತ್ರಕ್ಕೆ ಮೀಸಲಿಟ್ಟಿದ್ದವು. ಅದನ್ನೇ ವೇದಿಕೆಯ ನಡುವೆ ನಿಲ್ಲಿಸಿ, ಮೈಸೂರು ಸೀಮೆಯವರನ್ನೂ ವಿದೇಶದ ಕನ್ನಡ ಸಂಘಗಳನ್ನೂ ನಗಿಸಿದವರು ಕೊಪ್ಪಳ ಜಿಲ್ಲೆಯ ಗಂಗಾವತಿಯ ಪ್ರಾಣೇಶ್. ಕಲ್ಯಾಣ ಕರ್ನಾಟಕಕ್ಕೆ ಇದು ದೊಡ್ಡ ಕೊಡುಗೆ ಎಂದೇ ನಾನು ತಿಳಿದಿದ್ದೇನೆ.

1961ರಲ್ಲಿ ಹುಟ್ಟಿದ ಪ್ರಾಣೇಶ್ ಬೀಚಿಯನ್ನು ಓದಿ ಬೆಳೆದವರು. ಹರಪನಹಳ್ಳಿಯಲ್ಲಿ 1913ರಲ್ಲಿ ಹುಟ್ಟಿ, ಪೊಲೀಸ್ ಇಲಾಖೆಯಲ್ಲಿ ದುಡಿದು, ತಿಮ್ಮನೆಂಬ ಪಾತ್ರವನ್ನು ಮನೆಮಾತಾಗಿಸಿದ ರಾಯಸಂ ಭೀಮಸೇನರಾಯರೇ ಈ ಬೀಚಿ. ಪುಸ್ತಕದಲ್ಲಿದ್ದ ಆ ನಗೆಯನ್ನು ಪ್ರಾಣೇಶ್ ಬಾಯಿಮಾತಿಗೆ ತಂದರು. ಜನ ಅವರನ್ನು ‘ಅಭಿನವ ಬೀಚಿ’ ಎಂದೇ ಕರೆದರು.

ಅವರ ಹಾಸ್ಯ ಸಂಜೆಗೆ ವೇಷವಿಲ್ಲ, ಪರದೆಯಿಲ್ಲ. ಮದುವೆ ಊಟ, ಹಳ್ಳಿಯ ಮಾಸ್ತರು, ಗಂಡ-ಹೆಂಡತಿ ಜಗಳ, ಟಿ.ವಿ. ಧಾರಾವಾಹಿ, ಮೊಬೈಲು ಹೀಗೆ ಕೇಳುಗನ ಮನೆಯೊಳಗಿನದೇ ವಿಷಯ. ಗೊತ್ತಿರುವುದನ್ನೇ ಹೇಳಿ ನಗಿಸುವುದು ಹೆಚ್ಚು ಕಷ್ಟ. ಮುಂದಿನ ಮಾತು ಕೇಳುಗನಿಗೆ ಮೊದಲೇ ಹೊಳೆದರೆ ಕಥೆ ಮುಗಿಯಿತು. ಅದಕ್ಕೇ ಪ್ರಾಣೇಶ್ ವೇಗವಾಗಿ ಮಾತಾಡುತ್ತಾರೆ. ಒಂದು ಪ್ರಸಂಗ ಹಿಡಿದು ಅರ್ಧಕ್ಕೆ ಬಿಟ್ಟು ಇನ್ನೊಂದಕ್ಕೆ ಹೊರಳುತ್ತಾರೆ. ನಾವು ಮರೆತೆವು ಎನ್ನುವಾಗ ಮೊದಲಿನದಕ್ಕೆ ಬಂದು ಮುಟ್ಟಿಸುತ್ತಾರೆ. ಅತ್ತೆ, ಸೊಸೆ, ಮಾಸ್ತರು ಎಲ್ಲರೂ ಬರುವುದು ದನಿಯ ಏರಿಳಿತದಲ್ಲಿ, ಕುತ್ತಿಗೆಯ ಒಂದು ಹೊರಳಿನಲ್ಲಿ. ಚಪ್ಪಾಳೆ ಇಳಿಯುವ ಮೊದಲೇ ಮಾತು ಶುರುವಾದರೆ ಅದು ಯಾರಿಗೂ ಕೇಳಿಸದು, ತಡವಾದರೆ ಸಭೆ ಆರುತ್ತದೆ. ಈ ನಡುವಿನ ಕ್ಷಣವನ್ನು ಹಿಡಿಯುವುದೇ ಕಸುಬಿನ ತಿರುಳು. ನೂರಾರು ಊರುಗಳ ಸಭೆಗಳ ಮುಂದೆ ನಿಂತೇ ಅದನ್ನು ಕಲಿಯಬೇಕು.

ಟಿ.ವಿ.ಯ ಲೆಕ್ಕ ಬೇರೆ. ಉದಯ ಟಿ.ವಿ.ಯ ‘ಹರಟೆ’ಯಲ್ಲಿ ಒಂದು ವಿಷಯದ ಪರ-ವಿರೋಧ ಮಾತಾಡುತ್ತಿದ್ದವರು ಹಲವರು, ಹಿರೇಮಗಳೂರು ಕಣ್ಣನ್ ಅದರ ಸೂತ್ರಧಾರರಾಗಿದ್ದರು. ಅಲ್ಲಿ ನಿಮಿಷಗಳಲ್ಲೇ ನಗಿಸಬೇಕಿತ್ತು, ಎದುರಾಳಿಯ ಮಾತಿಗೆ ಅಲ್ಲೇ ಉತ್ತರ ಕೊಡಬೇಕಿತ್ತು. ನಡೆಸಿಕೊಡುವವರ ಕೆಲಸ ಇನ್ನೂ ಸೂಕ್ಷ್ಮ: ಲಂಬಿಸಿದವರನ್ನು ನೋಯಿಸದೆ ತಡೆಯಬೇಕು, ಹಿಂಜರಿದವರಿಗೆ ಎಳೆ ಕೊಡಬೇಕು. ಕೋದಂಡರಾಮನ ಗುಡಿಯಲ್ಲಿ ಕನ್ನಡದಲ್ಲೇ ಪೂಜೆ ಮಾಡುವ ಕಣ್ಣನ್ ಅವರಿಗೆ ಆ ಹದ ಚೆನ್ನಾಗಿ ಸಿದ್ಧಿಸಿದೆ.

ಪ್ರಾಣೇಶ್ ನಗಿಸುತ್ತಲೇ ಪುಸ್ತಕ ಓದಿರೆಂದು ಸಭೆಗೆ ಹೇಳುತ್ತಾರೆ. ಅಫಜಲಪುರದಲ್ಲೋ ಜೇವರ್ಗಿಯಲ್ಲೋ ಕಾಲೇಜಿನ ವೇದಿಕೆಗೆ ಮೊದಲ ಬಾರಿ ಏರುವ ಹುಡುಗ ಹುಡುಗಿಯರೇ, ನಿಮ್ಮ ಮನೆಯ ಮಾತನ್ನು ತಿದ್ದಿಕೊಂಡು ಹೋಗಬೇಡಿ. ಮೊದಲು ಬೀಚಿಯನ್ನು ಓದಿ, ಆಮೇಲೆ ಮೈಕು ಹಿಡಿಯಿರಿ.