ಹೊಲದ ಮನೆಯ ಬೋರ್ ನೀರು ಕುಡಿಯುವ ಮುನ್ನ

ಕಪ್ಪತಗುಡ್ಡದ ಆಸುಪಾಸಿನಲ್ಲಿ ಊರು ಬಿಟ್ಟು ಹೊಲದಲ್ಲೇ ಮನೆ ಕಟ್ಟಿಕೊಂಡ ಕುಟುಂಬಗಳನ್ನು ನೀವು ನೋಡಿರಬಹುದು. ನಿಮ್ಮದೂ ಅಂಥದೇ ಮನೆ ಇರಬಹುದು. ಜೋಳ, ಹೆಸರು, ಗುರೆಳ್ಳು ಸ್ವಂತ ಹೊಲದ್ದು; ಹಾಲು, ಮಜ್ಜಿಗೆ ಮನೆಯ ಎಮ್ಮೆಯದು; ದೀಪ ಸೋಲಾರ್‌ನದು. ಪೇಟೆಯಿಂದ ತರುವುದು ಉಪ್ಪು, ಬೆಲ್ಲ, ಚಹಾಪುಡಿ ಅಷ್ಟೇ. ಇಂಥ ಊಟ, ಇಂಥ ದುಡಿಮೆ ಆರೋಗ್ಯಕ್ಕೆ ಒಳ್ಳೆಯದೇ. ಆದರೆ ಕುಡಿಯುವ ನೀರು?

ಮುಂಡರಗಿ, ಶಿರಹಟ್ಟಿ, ಗದಗ ತಾಲ್ಲೂಕುಗಳ ಹಲವೆಡೆ ಅಂತರ್ಜಲದಲ್ಲಿ ಫ್ಲೋರೈಡ್ ಹೆಚ್ಚಾಗಿದೆ. ಇದು ನೆಲದಡಿಯ ಕಲ್ಲಿನಿಂದ ನೀರಿಗೆ ಇಳಿಯುವ ಲವಣ. ಬಣ್ಣವಿಲ್ಲ, ವಾಸನೆಯಿಲ್ಲ. ಲೀಟರಿಗೆ 1.5 ಮಿಲಿಗ್ರಾಂ ಮೀರಿದರೆ ಆ ನೀರು ಕುಡಿಯಲು ಯೋಗ್ಯವಲ್ಲ.

ಏನು ತೊಂದರೆ?

ಮೊದಲ ಪೆಟ್ಟು ಮಕ್ಕಳ ಹಲ್ಲಿಗೆ. ಎಂಟು ವರ್ಷದೊಳಗೆ, ಹಲ್ಲು ಒಸಡಿನೊಳಗೆ ರೂಪುಗೊಳ್ಳುವಾಗ ಈ ನೀರು ಕುಡಿದರೆ ಹಲ್ಲಿನ ಮೇಲೆ ಸುಣ್ಣದಂಥ ಬಿಳಿ ಅಥವಾ ಕಂದು ಕಲೆ ಮೂಡುತ್ತದೆ. ಎಷ್ಟು ಉಜ್ಜಿದರೂ ಅದು ಹೋಗದು. ಹೆಚ್ಚು ಫ್ಲೋರೈಡ್ ಇರುವ ನೀರನ್ನು ವರ್ಷಗಟ್ಟಲೆ ಕುಡಿದ ದೊಡ್ಡವರಿಗೆ ಕೀಲುನೋವು, ಬೆನ್ನು ಬಿಗಿತ ಬರಬಹುದು. ಅದನ್ನು ಬರೀ ವಾತವೆಂದು ತಿಳಿದು ಸುಮ್ಮನಿರಬೇಡಿ, ವೈದ್ಯರಿಗೆ ತೋರಿಸಿ.

ಕುದಿಸಿದರೆ ಹೋಗುವುದೇ?

ಇಲ್ಲ. ಕುದಿಸುವುದರಿಂದ ರೋಗಾಣು ಸಾಯುತ್ತವೆ, ಫ್ಲೋರೈಡ್ ಉಳಿಯುತ್ತದೆ. ನೀರು ಆವಿಯಾದಷ್ಟೂ ಅದರ ಪ್ರಮಾಣ ಏರುತ್ತದೆ. ಬಟ್ಟೆಯಲ್ಲಿ ಸೋಸಿದರೂ ಹೋಗದು.

ಏನು ಮಾಡಬೇಕು?

ಮೊದಲು ಒಂದು ಸ್ವಚ್ಛ ಬಾಟಲಿಯಲ್ಲಿ ಬೋರ್ ನೀರು ತುಂಬಿ ಪರೀಕ್ಷೆ ಮಾಡಿಸಿ. ಎಲ್ಲಿ ಎಂಬುದನ್ನು ಗ್ರಾಮ ಪಂಚಾಯತಿಯಲ್ಲಿ ವಿಚಾರಿಸಿ. ಫ್ಲೋರೈಡ್ ಹೆಚ್ಚಿದ್ದರೆ ಆ ನೀರನ್ನು ಸ್ನಾನಕ್ಕೆ, ಬಟ್ಟೆಗೆ ಬಳಸಿ. ಕುಡಿಯಲು, ಅಡುಗೆಗೆ ಮಳೆ ನೀರು ಹಿಡಿಯಿರಿ.

ಲೆಕ್ಕ ಸುಲಭ. 20 ಚದರ ಮೀಟರ್ ತಗಡಿನ ಮೇಲೆ ವರ್ಷಕ್ಕೆ 500 ಮಿಲಿಮೀಟರ್ ಮಳೆ ಬಿದ್ದರೆ 10,000 ಲೀಟರ್. ಐದನೇ ಒಂದು ಪಾಲು ಪೋಲಾದರೂ 8,000 ಲೀಟರ್ ಉಳಿಯುತ್ತದೆ. ಐದು ಜನರಿಗೆ ದಿನಕ್ಕೆ 25 ಲೀಟರಿನಂತೆ ಹತ್ತು ತಿಂಗಳು ಸಾಕು. ಮಣ್ಣಿನ ಮಾಳಿಗೆಯ ನೀರು ಇದಕ್ಕೆ ಬಾರದು. ದನದ ಕೊಟ್ಟಿಗೆಯ ತಗಡಾದರೂ ಸರಿ. ತಗಡನ್ನು ತೊಳೆದು, ಮೊದಲ ಮಳೆಗಳ ನೀರು ಹೊರಗೆ ಬಿಡಿ. ಟಾಕಿಗೆ ಸೊಳ್ಳೆ ಹೋಗದಂತೆ ಮುಚ್ಚಳವಿರಲಿ. ಸೋಸಿ, ಕುದಿಸಿ ಕುಡಿಯಿರಿ.

ಎದ್ದು ಕಾಣುವ ಹಲ್ಲುಗಳು ಮೂಡುವ ವಯಸ್ಸಿನ ಮಗು ಮನೆಯಲ್ಲಿದ್ದರೆ ಮುಂದಿನ ಮಳೆಗಾಲದವರೆಗೆ ಕಾಯಬೇಡಿ. ಪರೀಕ್ಷಿಸಿದ ಶುದ್ಧ ನೀರನ್ನು ಊರಿನಿಂದ ಒಂದು ಕೊಡವಾದರೂ ತಂದು ಆ ಮಗುವಿಗೆ ಮೀಸಲಿಡಿ.