ನಿಮಗಿದು ಗೊತ್ತೇ? ಪರದೆ ಯಾರ ಕಡೆ ತಿರುಗಿದೆ

2000ದಿಂದ 2002ರ ನಡುವೆ ಕರ್ನಾಟಕದ ತಾಲ್ಲೂಕು ಕಚೇರಿಗಳಲ್ಲಿ, ಜಮೀನಿನ ದಾಖಲೆಗಳನ್ನು ಕಂಪ್ಯೂಟರಿಗೆ ಏರಿಸಿದ ‘ಭೂಮಿ’ ಯೋಜನೆಯ ಕೇಂದ್ರಗಳು ಒಂದೊಂದಾಗಿ ತೆರೆದಾಗ ಪಹಣಿ ಕೊಡುವ ಕಿಟಕಿಯಲ್ಲಿ ಎರಡು ಕಂಪ್ಯೂಟರ್ ಪರದೆಗಳಿದ್ದವು. ಒಂದು ಒಳಗೆ ಕೂತ ಸಿಬ್ಬಂದಿಯ ಕಡೆ, ಇನ್ನೊಂದು ಹೊರಗೆ ನಿಂತ ರೈತನ ಕಡೆ. ಒಳಗೆ ನಡೆಯುತ್ತಿರುವುದನ್ನು ರೈತ ಅದೇ ಹೊತ್ತಿಗೆ ಕಣ್ಣಾರೆ ನೋಡಬಹುದಿತ್ತು. ಅಲ್ಲಿಯವರೆಗೆ ಪಹಣಿ ಎಂದರೆ ಗ್ರಾಮಲೆಕ್ಕಿಗರು ಕೈಯಲ್ಲಿ ಬರೆದಿಟ್ಟ ಪುಸ್ತಕ. ಅದನ್ನು ಬಿಚ್ಚಿ ತೋರಿಸುವುದು ಬಿಡುವುದು ಅವರ ಮರ್ಜಿ. ಭೂಮಿ ಯೋಜನೆಯ ಬಗ್ಗೆ ದೇಶ ವಿದೇಶಗಳಲ್ಲಿ ಎಷ್ಟೋ ಬರೆದಿದ್ದಾರೆ. ನನಗೆ ಮಾತ್ರ ಅದರಲ್ಲಿ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ರೈತನ ಕಡೆ ತಿರುಗಿಸಿಟ್ಟ ಆ ಎರಡನೇ ಪರದೆ.

ಆ ಕೆಲಸದ ಗಾತ್ರ ಎಷ್ಟಿತ್ತು ಗೊತ್ತೇ? ಸುಮಾರು 9,000 ಗ್ರಾಮಲೆಕ್ಕಿಗರ ಬಳಿ ಹರಡಿಕೊಂಡಿದ್ದ, 67 ಲಕ್ಷ ರೈತರ ಸುಮಾರು 2 ಕೋಟಿ ಪಹಣಿಗಳು ಕಂಪ್ಯೂಟರಿಗೆ ಏರಿದವು. ಮುಂದೆ ನಿಂತು ನಡೆಸಿದವರು ಐಎಎಸ್ ಅಧಿಕಾರಿ ರಾಜೀವ್ ಚಾವ್ಲಾ. ಪಹಣಿಗೆ ಆಗ ಇಟ್ಟ ಶುಲ್ಕ 15 ರೂಪಾಯಿ. ಕಂಪ್ಯೂಟರ್ ಪ್ರತಿ ಬಂದ ಕಡೆ ಕೈಬರಹದ ಪಹಣಿಗೆ ಮಾನ್ಯತೆಯೇ ಇಲ್ಲ ಎಂದು ಸರ್ಕಾರ ಸಾರಿತು. ಈ ಗಟ್ಟಿ ನಿರ್ಧಾರ ಇಲ್ಲದಿದ್ದರೆ ಎರಡು ಬಗೆಯ ದಾಖಲೆಗಳೂ ಅಕ್ಕಪಕ್ಕ ಓಡಾಡಿಕೊಂಡಿರುತ್ತಿದ್ದವು, ರೈತ ಎರಡೂ ಕಡೆ ಅಲೆಯುತ್ತಿದ್ದ.

ಜಮೀನಿನ ಹಕ್ಕು ಬದಲಾವಣೆಯ (ಮ್ಯುಟೇಶನ್) ಅರ್ಜಿಗಳಿಗೆ ‘ಮೊದಲು ಬಂದವರಿಗೆ ಮೊದಲು’ ಎಂಬ ನಿಯಮವನ್ನು ಭೂಮಿ ತಂತ್ರಾಂಶದೊಳಗೇ ಕಟ್ಟಿಹಾಕಲಾಗಿತ್ತು. ಹಿಂದೆ ಬಂದವರ ಕಡತವನ್ನು ಮುಂದೆ ತಳ್ಳಲು ಹೋದರೆ ಕಂಪ್ಯೂಟರ್ ಒಪ್ಪುತ್ತಿರಲಿಲ್ಲ. ಸಿಬ್ಬಂದಿ ಒಳಹೋಗಬೇಕಾದರೂ ಬೆರಳಚ್ಚು ಕೊಡಬೇಕಿತ್ತು. ಹಾಗಾಗಿ ಯಾವ ತಿದ್ದುಪಡಿ ಯಾರ ಕೈಯಿಂದ ಆಯಿತು ಎಂಬುದಕ್ಕೆ ಗುರುತು ಉಳಿಯಿತು.

ನಿಮ್ಮ ಪಹಣಿ ಕೈಯಲ್ಲಿದ್ದರೆ ಒಮ್ಮೆ ನೋಡಿ. 9ನೇ ಕಾಲಂನಲ್ಲಿ ಖಾತೆದಾರರ ಹೆಸರು, 11ರಲ್ಲಿ ಸಾಲ ಮತ್ತು ಋಣಭಾರ. ಈ ಎರಡು ಕಾಲಂ ಓದಲು ಬಂದರೆ ಅರ್ಧ ಪಹಣಿ ಓದಿದ ಹಾಗೆ. ಇಷ್ಟಾದರೂ ಒಂದು ನೋವು ಉಳಿದೇ ಇದೆ. ಹಳೆಯ ಪುಸ್ತಕದಲ್ಲಿ ಇದ್ದದ್ದೇ ಕಂಪ್ಯೂಟರಿಗೆ ಹೋಯಿತು, ತಪ್ಪು ಹೆಸರು ತಪ್ಪಾಗಿಯೇ ಹೋಯಿತು. ತೀರಿಕೊಂಡ ಅಜ್ಜನ ಹೆಸರಿನಲ್ಲೇ ಇವತ್ತಿಗೂ ಜಮೀನು ನಿಂತಿರುವ ಮನೆಗಳು ಪ್ರತಿ ಊರಲ್ಲೂ ಇವೆ. ಪೌತಿ ಖಾತೆ ಮಾಡಿಸುವ ಓಡಾಟವನ್ನು ಯಾವ ತಂತ್ರಾಂಶವೂ ತಾನಾಗಿ ತಪ್ಪಿಸಲಿಲ್ಲ.

ಒಂದು ಗುಂಟೆ ಎಂದರೆ 33 ಅಡಿ ಉದ್ದ, 33 ಅಡಿ ಅಗಲದ ಚೌಕ ಎಂಬುದು ಗೊತ್ತೇ? ಭೂಮಾಪಕರ ಹಳೆಯ ಸರಪಳಿಯ ಉದ್ದ 33 ಅಡಿ, ಅದನ್ನು ಭಾಗ ಮಾಡಿದ್ದು 16 ಆಣೆಗಳಾಗಿ. ಇಂದು ‘ದಿಶಾಂಕ್’ ಆ್ಯಪ್ ತೆರೆದು ಬದುವಿನ ಮೇಲೆ ನಿಂತರೆ ಕಾಲ ಕೆಳಗಿನ ಸರ್ವೆ ನಂಬರ್ ಮೊಬೈಲಿನಲ್ಲಿ ಮೂಡುತ್ತದೆ. ಅದು ತಿಳಿವಳಿಕೆಗೆ ಮಾತ್ರ. ಗಡಿ ತಕರಾರು ಬಗೆಹರಿಯಬೇಕಾದರೆ ಸರ್ವೆಯವರು ಅಳತೆಗೆ ಬರಲೇಬೇಕು.

ಸರ್ಕಾರಿ ಕಚೇರಿಗೆ ಕೊಟ್ಟ ಅರ್ಜಿ ತಡವಾದರೆ ದಿನಕ್ಕೆ 20 ರೂಪಾಯಿ ಪರಿಹಾರ ಕೇಳುವ ಹಕ್ಕು ನಿಮಗಿದೆ, ಗೊತ್ತೇ? 2011ರ ಕಾಯ್ದೆಯಡಿ 2012ರ ಏಪ್ರಿಲ್‌ನಿಂದ ರಾಜ್ಯದಾದ್ಯಂತ ಜಾರಿಗೆ ಬಂದ ‘ಸಕಾಲ’ ಕೊಟ್ಟ ಹಕ್ಕು ಇದು. ಆರಂಭವಾದಾಗ 11 ಇಲಾಖೆಗಳ 151 ಸೇವೆಗಳು ಇದರಡಿ ಇದ್ದವು. ಪರಿಹಾರದ ಮಿತಿ 500 ರೂಪಾಯಿ, ಹೊಣೆ ತಡ ಮಾಡಿದ ನೌಕರನದು. ಇಂಥ ಕಾಯ್ದೆಯನ್ನು ದೇಶದಲ್ಲಿ ಮೊದಲು ತಂದದ್ದು ಮಧ್ಯಪ್ರದೇಶ, 2010ರಲ್ಲಿ.

ಹಣಕ್ಕಿಂತ ಮುಖ್ಯವಾದದ್ದು ರಸೀದಿಯ ಮೇಲಿನ 15 ಅಂಕಿಯ ಸಕಾಲ ಸಂಖ್ಯೆ. ನಾಡಕಚೇರಿಯಲ್ಲಿ ಜಾತಿ, ಆದಾಯ ಪ್ರಮಾಣಪತ್ರಕ್ಕೆ ಅರ್ಜಿ ಕೊಟ್ಟು ಬರುವಾಗ ಬಹಳ ಮಂದಿ ಆ ಚೀಟಿಯನ್ನು ಮಡಚಿ ಜೇಬಿಗೆ ಹಾಕಿ ಮರೆತುಬಿಡುತ್ತಾರೆ. ಅರ್ಜಿ ಕೊಟ್ಟದ್ದು ಯಾವತ್ತು, ಯಾವತ್ತಿನೊಳಗೆ ಆಗಬೇಕು ಎಂಬುದಕ್ಕೆ ನಿಮ್ಮ ಕೈಯಲ್ಲಿರುವ ಸಾಕ್ಷಿ ಅದೊಂದೇ. ‘ನಾಳೆ ಬನ್ನಿ’ ಎಂದವರ ಮುಂದೆ ಆ ಸಂಖ್ಯೆ ಹಿಡಿದು ನಿಂತವರ ದನಿಯೇ ಬೇರೆ ಇರುತ್ತದೆ, ನಾನು ಕಂಡಿದ್ದೇನೆ. ಅರ್ಜಿ ತಿರಸ್ಕರಿಸಿದರೆ ಕಾರಣವನ್ನು ಬರವಣಿಗೆಯಲ್ಲಿ ಕೇಳಿ, ಮೇಲ್ಮನವಿ ಹಾಕಿ. ಹಾಕದೆ ಬಿಟ್ಟರೆ ಕಾಯ್ದೆ ಪುಸ್ತಕದಲ್ಲೇ ಉಳಿಯುತ್ತದೆ.

ಆಧಾರ್ ಸಂಖ್ಯೆ ಎಂದೂ 0 ಅಥವಾ 1ರಿಂದ ಶುರುವಾಗುವುದಿಲ್ಲ. 12 ಅಂಕಿಗಳಲ್ಲಿ ಕೊನೆಯದು ಲೆಕ್ಕ ತಾಳೆ ನೋಡುವ ಅಂಕಿ. ಒಂದು ಅಂಕಿ ತಪ್ಪಾಗಿ ಒತ್ತಿದರೂ ಕಂಪ್ಯೂಟರಿಗೆ ಗೊತ್ತಾಗುವುದು ಅದರಿಂದಲೇ. ದೇಶದ ಮೊದಲ ಆಧಾರ್ ಸಂಖ್ಯೆಗಳನ್ನು 2010ರ ಸೆಪ್ಟೆಂಬರ್ 29ರಂದು ಮಹಾರಾಷ್ಟ್ರದ ನಂದೂರ್‌ಬಾರ್ ಜಿಲ್ಲೆಯ ತೆಂಭ್ಲಿ ಎಂಬ ಬುಡಕಟ್ಟು ಜನರ ಊರಲ್ಲಿ ಹಂಚಲಾಯಿತು. ಆಗ ಆಧಾರ್ ಕೊಡುವ ಪ್ರಾಧಿಕಾರದ ಅಧ್ಯಕ್ಷರಾಗಿದ್ದವರು ಬೆಂಗಳೂರಿನ ನಂದನ್ ನಿಲೇಕಣಿ.

ಅದೇ ಆಧಾರ್ ವಿರುದ್ಧ ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿದವರೂ ಕನ್ನಡ ನಾಡಿನವರೇ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ 2012ರಲ್ಲಿ ಅರ್ಜಿ ಹಾಕಿದಾಗ ಅವರಿಗೆ ಎಂಬತ್ತು ದಾಟಿತ್ತು. ಆ ಮೊಕದ್ದಮೆಯಲ್ಲಿ ‘ಖಾಸಗಿತನ ಎಂಬುದು ಮೂಲಭೂತ ಹಕ್ಕೇ?’ ಎಂಬ ಪ್ರಶ್ನೆ ಎದ್ದು, 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳು ಒಮ್ಮತದಿಂದ ‘ಹೌದು’ ಎಂದರು. ಮರುವರ್ಷ ಸೆಪ್ಟೆಂಬರ್‌ನಲ್ಲಿ ಐವರ ಪೀಠ ಸರ್ಕಾರಿ ಸವಲತ್ತುಗಳಿಗೆ ಆಧಾರ್ ಬಳಸುವುದನ್ನು ಬಹುಮತದಿಂದ ಎತ್ತಿಹಿಡಿಯಿತು, ಖಾಸಗಿ ಕಂಪನಿಗಳಿಗೆ ದಾರಿ ಕೊಟ್ಟಿದ್ದ 57ನೇ ಸೆಕ್ಷನ್ನಿನ ಆ ಭಾಗವನ್ನು ರದ್ದು ಮಾಡಿತು. ಇಂದು ಯಾರಾದರೂ ನಿಮ್ಮ ಮಾಹಿತಿ ಕೇಳಿದಾಗ ‘ಯಾಕೆ?’ ಎಂದು ಕೇಳುವ ಧೈರ್ಯಕ್ಕೆ ಆ ಹಿರಿಯರು ಇಟ್ಟ ಹೆಜ್ಜೆಯ ಬಲ ಇದೆ.

ನ್ಯಾಯಬೆಲೆ ಅಂಗಡಿಯ ಮುಂದೆ ಒಂದು ಬೆಳಗ್ಗೆ ನಿಂತು ನೋಡಿ. ‘ತಂಬ್ ಕೊಡಿ’ ಎನ್ನುತ್ತಾರೆ. ನಮ್ಮ ಸೋದರತ್ತೆ ನಲವತ್ತು ವರ್ಷ ಅಡಿಕೆ ಸುಲಿದವರು, ಬೆರಳ ತುದಿಯ ಗೆರೆಗಳೇ ಸವೆದುಹೋಗಿವೆ. ಹೆಬ್ಬೆರಳು ಇಟ್ಟರು, ಬರಲಿಲ್ಲ. ಸೆರಗಿನಲ್ಲಿ ಒರೆಸಿ ತೋರುಬೆರಳು ಇಟ್ಟರು, ಬರಲಿಲ್ಲ. ಅಷ್ಟರಲ್ಲಿ ಸರ್ವರ್ ಹೋಯಿತು. ಅಕ್ಕಿ ಎದುರಿಗೇ ಇತ್ತು, ಅಂಗಡಿಯವರಿಗೆ ಅತ್ತೆ ಯಾರೆಂದು ಮೂವತ್ತು ವರ್ಷದಿಂದ ಗೊತ್ತಿತ್ತು. ಆದರೂ ಚೀಲ ಖಾಲಿಯಾಗಿ ಮನೆಗೆ ಬಂತು. ಬೆರಳಚ್ಚು ಕೂಡದಿದ್ದರೆ ಒಟಿಪಿಯಂಥ ಬೇರೆ ದಾರಿ ಇದೆ ಎಂದು ಅಲ್ಲಿ ಯಾರೂ ಅವರಿಗೆ ಹೇಳಲಿಲ್ಲ. ದುಡಿದ ಕೈಗೇ ಯಂತ್ರ ಮುನಿಯುವಂತಿದ್ದರೆ ತಿದ್ದಬೇಕಾದದ್ದು ಯಂತ್ರವನ್ನು.

ನಮ್ಮ ದೇಶದಲ್ಲಿ ಮತಯಂತ್ರ ಮೊದಲು ಬಳಕೆಯಾದದ್ದು 1982ರಲ್ಲಿ, ಕೇರಳದ ಪರವೂರು ಕ್ಷೇತ್ರದ 50 ಮತಗಟ್ಟೆಗಳಲ್ಲಿ. ಕಾನೂನಿನಲ್ಲಿ ಅವಕಾಶವೇ ಇಲ್ಲ ಎಂದು ಸುಪ್ರೀಂ ಕೋರ್ಟ್ ಅಲ್ಲಿನ ಫಲಿತಾಂಶವನ್ನು ಒಪ್ಪಲಿಲ್ಲ, ಆಮೇಲೆ ಕಾನೂನಿಗೇ ತಿದ್ದುಪಡಿ ಬಂತು. ಯಂತ್ರಗಳನ್ನು ತಯಾರಿಸುವ ಎರಡು ಸಂಸ್ಥೆಗಳಲ್ಲಿ ಒಂದು ಬೆಂಗಳೂರಿನ ಬಿಇಎಲ್. ಬೆರಳಿಗೆ ಹಚ್ಚುವ ಅಳಿಸಲಾಗದ ಶಾಯಿ 1962ರಿಂದಲೂ ಮೈಸೂರಿನದು. ವಿವಿಪ್ಯಾಟ್ ಗಾಜಿನ ಹಿಂದೆ ನಿಮ್ಮ ಮತದ ಚೀಟಿ ಕಾಣುವುದು 7 ಸೆಕೆಂಡ್ ಮಾತ್ರ. ಅವಸರಪಡದೆ ನೋಡಿಕೊಂಡು ಬನ್ನಿ, ಅದು ಕೂಡ ನಿಮ್ಮ ಕಡೆ ತಿರುಗಿದ ಪರದೆಯೇ.

ಕೇಂದ್ರದ ಮಾಹಿತಿ ಹಕ್ಕು ಕಾಯ್ದೆ 2005ರದು. ಕರ್ನಾಟಕ ಅದಕ್ಕೂ ಮೊದಲೇ, 2000ದಲ್ಲಿ, ತನ್ನದೇ ಕಾಯ್ದೆ ಮಾಡಿಕೊಂಡಿತ್ತು. ಈಗ ‘ಮಾಹಿತಿ ಕಣಜ’ ಜಾಲತಾಣದಲ್ಲಿ ಅರ್ಜಿ ಹಾಕದೆಯೇ ಯೋಜನೆಗಳ ವಿವರ ಓದಬಹುದು. ಗ್ರಾಮಸಭೆಗೆ ಹೋಗುವ ಮುನ್ನ ಊರಿನ ಹುಡುಗರು ಅದನ್ನೊಮ್ಮೆ ತೆರೆದು ನೋಡಿಕೊಂಡು ಹೋದರೆ ಸಭೆಯ ಮಾತೇ ಬದಲಾಗುತ್ತದೆ.

ಜನರ ಕಡೆ ತಿರುಗಿದ ಪರದೆಗಳು ಹೊರದೇಶಗಳಲ್ಲೂ ಇವೆ. ತೈವಾನ್‌ನಲ್ಲಿ ಜನರು ‘ಜಾಯಿನ್’ ಎಂಬ ಸರ್ಕಾರಿ ತಾಣದಲ್ಲಿ ಒಂದು ಸಲಹೆ ಇಟ್ಟು ಅದಕ್ಕೆ 5,000 ಜನರ ಬೆಂಬಲ ಸಿಕ್ಕರೆ, ಸಂಬಂಧಪಟ್ಟ ಇಲಾಖೆ ಅದಕ್ಕೆ ಉತ್ತರ ಕೊಡಲೇಬೇಕು.

14 ಲಕ್ಷ ಜನರೂ ಇಲ್ಲದ ಎಸ್ಟೋನಿಯಾ 2005ರಿಂದಲೇ ಇಂಟರ್ನೆಟ್ ಮೂಲಕ ಮತ ಹಾಕಲು ಅವಕಾಶ ಕೊಟ್ಟಿದೆ. 2023ರ ಸಂಸತ್ ಚುನಾವಣೆಯಲ್ಲಿ ಅರ್ಧಕ್ಕಿಂತ ಹೆಚ್ಚು ಮತಗಳು ಹಾಗೆಯೇ ಬಿದ್ದವು. ಯಾರಾದರೂ ಪಕ್ಕದಲ್ಲಿ ನಿಂತು ಒತ್ತಾಯದಿಂದ ಮತ ಹಾಕಿಸಿದರೆ ಏನು ಗತಿ? ಅಲ್ಲಿ ಎಷ್ಟು ಸಲ ಬೇಕಾದರೂ ಮತ ಬದಲಿಸಬಹುದು, ಲೆಕ್ಕಕ್ಕೆ ಬರುವುದು ಕೊನೆಯದು. ಅದಕ್ಕಿಂತ ನನ್ನ ಮನಸ್ಸಿಗೆ ಹಿಡಿಸಿದ್ದು ಬೇರೆ. ತನ್ನ ದಾಖಲೆಯನ್ನು ಯಾವ ಇಲಾಖೆ ಯಾವಾಗ ತೆರೆದು ನೋಡಿತು ಎಂಬುದನ್ನು ಅಲ್ಲಿನ ನಾಗರಿಕ ಮನೆಯಲ್ಲಿ ಕೂತು ನೋಡಬಲ್ಲ.

ಇಂಥದ್ದು ನಮಗೂ ಸ್ವಲ್ಪ ಮಟ್ಟಿಗೆ ಇದೆ. ಆಧಾರ್ ಜಾಲತಾಣದಲ್ಲಿ ಕಳೆದ ಆರು ತಿಂಗಳಲ್ಲಿ ನಿಮ್ಮ ಆಧಾರ್ ಎಲ್ಲೆಲ್ಲಿ ದೃಢೀಕರಣಕ್ಕೆ ಬಳಕೆಯಾಯಿತು ಎಂಬ ಪಟ್ಟಿ ಸಿಗುತ್ತದೆ, ಬೆರಳಚ್ಚನ್ನು ಲಾಕ್ ಮಾಡಿಡುವ ಸೌಲಭ್ಯವೂ ಇದೆ. ನೋಂದಾಯಿತ ಮೊಬೈಲಿಗೆ ಒಟಿಪಿ ಬಂದರೆ ಸಾಕು. ಇವತ್ತು ಸಂಜೆ ಐದು ನಿಮಿಷ ಬಿಡುವು ಮಾಡಿಕೊಂಡು ನಿಮ್ಮದನ್ನೂ, ಮೊಬೈಲ್ ಬಳಸಲು ಬಾರದ ನಿಮ್ಮ ಅಪ್ಪ ಅಮ್ಮಂದಿರದನ್ನೂ ಅವರ ಪಕ್ಕದಲ್ಲೇ ಕೂತು ತೆಗೆದು ತೋರಿಸಿ.