ಚಾವಡಿಯ ನೆಲಕ್ಕೆ ಯಾವ ಹಂಚು?

ಮನೆ ಕಟ್ಟಿಸುವವರು ಗೋಡೆಯ ಬಣ್ಣವನ್ನು ಕುರಿತು ಆಲೋಚಿಸುವಷ್ಟು ನೆಲವನ್ನು ಕುರಿತು ಆಲೋಚಿಸುವುದಿಲ್ಲ. ಗೋಡೆಯನ್ನು ಕಣ್ಣು ಮಾತ್ರ ಮುಟ್ಟುವುದು. ನೆಲವನ್ನಾದರೋ ತೆವಳುವ ಶಿಶುವಿನಿಂದ ಕೋಲೂರುವ ವೃದ್ಧರವರೆಗೆ ಸರ್ವರೂ ದಿನವಿಡೀ ಮುಟ್ಟುವರು. ಆದುದರಿಂದ ಹಂಚನ್ನು ಆರಿಸುವಲ್ಲಿ ಕಣ್ಣಿಗಿಂತ ಮೊದಲು ಕಾಲಿನ ಅಭಿಪ್ರಾಯವನ್ನು ಕೇಳತಕ್ಕದ್ದೆಂದು ನನ್ನ ಮತವು. ಇದು ನನಗೆ ಗ್ರಂಥದಿಂದ ದೊರೆತುದಲ್ಲ.

ಬಜಪೆಯ ನಮ್ಮ ಮನೆಗೆ ತೀರ್ಥರೂಪರು ಹಾಕಿಸಿದ್ದುದು ಆವೆಯಲ್ಲಿ ಸುಟ್ಟ ಕೆಂಪು ಮಣ್ಣಿನ ಹಂಚು. ಕೆಲವು ವರ್ಷಗಳ ಹಿಂದೆ, ಸವೆದಿದ್ದ ಅದನ್ನು ಕೀಳಿಸಿ, ಮಗನ ಇಷ್ಟದಂತೆ ಕನ್ನಡಿಯಂತೆ ಹೊಳೆಯುವ ಬಿಳಿಯ ವಿಟ್ರಿಫೈಡ್ ಹಂಚನ್ನು ಹಾಸಿಸಿದೆವು. ನೋಡಿದವರೆಲ್ಲರೂ ಹೊಗಳಿದರು. ಆದರೆ ಆಟಿ ತಿಂಗಳ ಒಂದು ಸಂಜೆ, ದೀಪ ಹಚ್ಚಲು ಹೊರಟ ನನ್ನ ಸಹಧರ್ಮಿಣಿಯು ಹೊಸ್ತಿಲ ಬಳಿ ಜಾರಿ ಬಿದ್ದು ಮಣಿಕಟ್ಟನ್ನು ಮುರಿದುಕೊಂಡಳು. ಯಾರೂ ನೀರು ಚೆಲ್ಲಿರಲಿಲ್ಲ, ನೆಲವೇ ಬೆವರಿತ್ತು.

ಕರಾವಳಿಯಲ್ಲಿ ಜೂನಿನಿಂದ ಸೆಪ್ಟೆಂಬರಿನವರೆಗೆ ಗಾಳಿಯಲ್ಲಿ ನೀರಾವಿಯು ತುಂಬಿರುವುದು. ಅದು ತನಗಿಂತ ತಣ್ಣಗಿರುವ ನೆಲವನ್ನು ಸೋಂಕಿದಾಗ ನೀರಾಗಿ ಕೂಡುವುದು. ವಿಟ್ರಿಫೈಡ್ ಹಂಚು ತನ್ನ ತೂಕದ ನೂರಕ್ಕೆ ಅರ್ಧ ಪಾಲಿಗಿಂತ ಹೆಚ್ಚು ನೀರನ್ನು ಹೀರದು. ಅದಕ್ಕೆ ಕಲೆ ಹತ್ತದಿರುವುದು ಈ ಗುಣದಿಂದಲೇ. ತೇವವು ಮೇಲೆಯೇ ನಿಲ್ಲುವುದೂ ಇದರಿಂದಲೇ. ಮಣ್ಣಿನ ಹಂಚು ರಂಧ್ರಮಯವಾದುದರಿಂದ ತೇವವನ್ನು ಒಳಗೆಳೆದುಕೊಳ್ಳುವುದು. ಎಣ್ಣೆ, ಅರಸಿನಗಳ ಕಲೆಯನ್ನೂ ಹಾಗೆಯೇ ಎಳೆದುಕೊಳ್ಳುವುದು ಅದರ ದೋಷವು.

ಈ ಮಣ್ಣಿನ ಹಂಚು ನಮ್ಮ ಸೀಮೆಯ ಕೀರ್ತಿಯೇ ಆಗಿದ್ದಿತು. 1865ರಲ್ಲಿ ಬಾಸೆಲ್ ಮಿಶನಿನ ಜಾರ್ಜ್ ಪ್ಲೆಬ್ಸ್ಟ್ ಎಂಬವರು ಮಂಗಳೂರಿನ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆಯನ್ನು ಸ್ಥಾಪಿಸಿದರು. ನೇತ್ರಾವತಿ, ಗುರುಪುರ ನದಿಗಳ ದಡದ ಜೇಡಿಮಣ್ಣು ಮಾಡಿನ ಹಂಚಾಗಿಯೂ ನೆಲದ ಹಂಚಾಗಿಯೂ ಹಡಗನ್ನೇರಿ ದೇಶಾಂತರಗಳಿಗೆ ಹೋಯಿತು. ಆ ಕಾರ್ಖಾನೆಗಳಲ್ಲಿ ಬಹುಪಾಲು ಈಗ ಮುಚ್ಚಿಹೋಗಿವೆ.

ಹಾಗೆಂದು ಹೊಸತನ್ನು ತ್ಯಜಿಸಬೇಕೆಂದು ನಾನು ಹೇಳುವುದಿಲ್ಲ. ವಿಟ್ರಿಫೈಡ್‌ನಲ್ಲಿಯೇ ಹೊಳಪಿಲ್ಲದ, ದೊರಗು ಮೈಯ ಬಗೆಯುಂಟು. ಅಂಗಡಿಯಲ್ಲಿ ಒಂದು ಹಂಚನ್ನು ನೆಲದ ಮೇಲಿರಿಸಿ, ನೀರು ಚಿಮುಕಿಸಿ, ಇನ್ನೊಬ್ಬರ ಕೈಹಿಡಿದು ಬರಿಗಾಲಿನಿಂದ ಮೆಟ್ಟಿ ನೋಡಿರಿ. ಅಂಗಡಿಯವನು ನಕ್ಕರೆ ನಗಲಿ. ಒಡೆಯುವುದಕ್ಕೂ ಮುಂದಿನ ದುರಸ್ತಿಗೂ ನೂರಕ್ಕೆ ಹತ್ತರಷ್ಟು ಹೆಚ್ಚಾಗಿ ಕೊಳ್ಳಿರಿ. ಎಲ್ಲ ಪೆಟ್ಟಿಗೆಗಳ ಮೇಲಿನ ಬ್ಯಾಚ್ ಸಂಖ್ಯೆಯೂ ಒಂದೇ ಇರಲಿ, ಇಲ್ಲವಾದರೆ ಬಣ್ಣವು ಬೇರೆಯಾದೀತು. ಮಣ್ಣಿನ ಹಂಚನ್ನು ನೀರಿನಲ್ಲಿ ನೆನೆಯಿಸಿಯೇ ಗಾರೆಯ ಮೇಲೆ ಕೂರಿಸತಕ್ಕದ್ದು. ನೀರು ಹೀರದ ವಿಟ್ರಿಫೈಡ್‌ಗಾದರೋ ಅದಕ್ಕೆಂದೇ ಮಾಡಿದ ಅಂಟು ಬೇಕು. ಒಣಗಿದ ಮೇಲೆ ಮರದ ಹಿಡಿಯಿಂದ ಮೆಲ್ಲಗೆ ತಟ್ಟಿರಿ. ಪೊಳ್ಳು ಸದ್ದು ಬಂದಲ್ಲಿ ಮೇಸ್ತ್ರಿಯು ಮನೆ ಬಿಡುವ ಮೊದಲೇ ಕೀಳಿಸಿ ಮತ್ತೆ ಹಾಕಿಸಿರಿ.

ಮರುವರ್ಷ ಮಗನೇ ಆ ಬಿಳಿಯ ನೆಲವನ್ನು ತೆಗೆಸಿ, ಕಾವಿಬಣ್ಣದ ದೊರಗು ಹಂಚನ್ನು ಹಾಸಿಸಿದನು. ಮಣಿಕಟ್ಟು ಕೂಡಿತು, ನೆಲವೂ ಬದಲಾಯಿತು. ಆದರೂ ಹೊಸ್ತಿಲ ಬಳಿ ಬಂದಾಗ ಅವಳ ಎಡಗೈಯು ಇಂದಿಗೂ ಗೋಡೆಯನ್ನು ಹುಡುಕುವುದು.